ಸೈಟು ನಮ್ಮದು, ಗೆರೆ ಯಾರದು?

(ಬೆಂಗಳೂರಿನ ಒಂದು ಬಡಾವಣೆಯ ನಿವಾಸಿಗಳ ಸಭೆಯಲ್ಲಿ ಆಡಿದ ಮಾತಿನ ಬರಹ ರೂಪ)

ಊರಿನ ಯಾವ ಜಾಗ ಯಾವುದಕ್ಕೆ ಅಂತ ಬಣ್ಣ ಹಾಕಿ ತೋರಿಸುವ ಮಾಸ್ಟರ್ ಪ್ಲಾನಿನ ನಕ್ಷೆಯಲ್ಲಿ ನಿಮ್ಮ ಸೈಟು ಯಾವ ಬಣ್ಣದಲ್ಲಿದೆ ಅಂತ ನೋಡಿದವರು ಎಷ್ಟು ಜನ? ಕೈ ಎತ್ತಿ ನೋಡೋಣ. ಹಿಂದೆ ಮೂರ್ನಾಲ್ಕು ಕೈ ಕಾಣಿಸುತ್ತಿದೆ, ಅಷ್ಟೇ. ಕ್ರಯಪತ್ರ, ಇಸಿ ಅನ್ನುವ ಋಣಭಾರ ಪತ್ರ, ಖಾತಾ, ಕಂದಾಯ ಕಟ್ಟಿದ ರಸೀದಿ ಇವೆಲ್ಲ ಎಲ್ಲರ ಬೀರುವಿನಲ್ಲೂ ಭದ್ರವಾಗಿವೆ, ಅಲ್ವಾ. ಆದರೆ ಜಾಗ ಯಾರದು ಅಂತ ಹೇಳುವ ಕಾಗದ ಬೇರೆ, ಅಲ್ಲಿ ಏನು ಕಟ್ಟಬಹುದು, ಎಷ್ಟು ಕಟ್ಟಬಹುದು ಅಂತ ಹೇಳುವ ಕಾಗದ ಬೇರೆ. ಎರಡನೆಯದು ನಮಗೆ ನೆನಪಾಗುವುದು ಮನೆ ಕಟ್ಟಲು ಹೊರಟಾಗ. ಆಗ ಕೌಂಟರಿನಲ್ಲಿ ಕೂತವರು ಬಾಯಲ್ಲಿ ಏನು ಹೇಳಿದರೂ ಅದೇ ಕಾನೂನು ಅಂದುಕೊಂಡು ಮನೆಗೆ ಬರುತ್ತೇವೆ.

ಇವತ್ತು ನಾನು ಹೇಳಲು ಬಂದದ್ದು ಇಷ್ಟೇ. ಕಟ್ಟುವ ಹಕ್ಕು ಜಮೀನಿನ ಜೊತೆಗೇ ಬರುತ್ತದೆ. ಅದನ್ನು ಕಡಿಮೆ ಮಾಡುವ ಅಧಿಕಾರ ಸರ್ಕಾರಕ್ಕೆ ಇದೆ, ಇರಲೂ ಬೇಕು, ಇಲ್ಲದಿದ್ದರೆ ಊರು ಊರಾಗಿ ಉಳಿಯುವುದಿಲ್ಲ. ಆದರೆ ಬರೆದು ಪ್ರಕಟಿಸಿದ ನಿಯಮದ ಮೂಲಕ ಮಾತ್ರ ಕಡಿಮೆ ಮಾಡಬೇಕು.

ಇದು ನನ್ನ ಸ್ವಂತ ವಾದ ಅಂದುಕೊಳ್ಳಬೇಡಿ. 2006ರಲ್ಲಿ ಸುಪ್ರೀಂ ಕೋರ್ಟಿಗೆ ನಮ್ಮ ಬೆಂಗಳೂರಿನದೇ ಒಂದು ಪ್ರಕರಣ ಹೋಗಿತ್ತು. ಮಾಲೀಕರು ವಸತಿ ಜಾಗದಲ್ಲಿ ಕಟ್ಟಲು ಅನುಮತಿ ಕೇಳಿದರೆ, ಮುಂದೆ ಬರಲಿರುವ ಪ್ಲಾನಿನಲ್ಲಿ ಅಲ್ಲಿ ಪಾರ್ಕ್ ತೋರಿಸಿದ್ದೇವೆ ಅನ್ನುವ ತಕರಾರು. ಕೋರ್ಟ್ ಸ್ಪಷ್ಟವಾಗಿ ಹೇಳಿತು: ವಸತಿ ಪ್ರದೇಶದಲ್ಲಿ ಮನೆ ಕಟ್ಟುವ ಹಕ್ಕು ಬೆಲೆಯುಳ್ಳ ಹಕ್ಕು. ಕಾನೂನಿನ ಮೂಲಕ ಅದನ್ನು ನಿಯಂತ್ರಿಸಬಹುದು, ಆದರೆ ಸ್ಪಷ್ಟವಾದ ನಿಯಮ ಇಲ್ಲದೆ ಕಿತ್ತುಕೊಳ್ಳುವ ಹಾಗಿಲ್ಲ.

ಅದೇ ತೀರ್ಪಿನಲ್ಲಿ ಇನ್ನೊಂದು ಮಾತು ಇದೆ, ಅದನ್ನೂ ಹೇಳಿಬಿಡುತ್ತೇನೆ, ಯಾಕೆಂದರೆ ಅದು ಮಾಲೀಕರಿಗೆ ಅಷ್ಟು ಸಿಹಿ ಅಲ್ಲ. ನಿಮ್ಮ ಅರ್ಜಿಗೆ ಅನ್ವಯ ಆಗುವುದು ಅನುಮತಿ ಕೊಡುವ ದಿನದ ಕಾನೂನು, ಅರ್ಜಿ ಹಾಕಿದ ದಿನದ್ದಲ್ಲ. ನಡುವೆ ನಿಯಮ ಬದಲಾದರೆ ಹೊಸದೇ ಲೆಕ್ಕ. ಅದಕ್ಕೇ ಕೋರ್ಟ್, ಅಧಿಕಾರಿಗಳು ಸಕಾಲದಲ್ಲಿ ತೀರ್ಮಾನ ಮಾಡಬೇಕು ಅಂತಲೂ ಸೇರಿಸಿತು. ಕೆರೆ, ರಾಜಕಾಲುವೆ ಪಕ್ಕದವರಿಗೆ ಇದರ ಬಿಸಿ ಚೆನ್ನಾಗಿ ಗೊತ್ತು. 2015ರ ಮಾಸ್ಟರ್ ಪ್ಲಾನಿನಲ್ಲಿ ಕೆರೆಯ ಸುತ್ತ 30 ಮೀಟರ್ ಬಿಡಬೇಕು ಅಂತ ಇತ್ತು. 2016ರ ಮೇ ತಿಂಗಳಲ್ಲಿ ಹಸಿರು ನ್ಯಾಯಮಂಡಳಿ ಅದನ್ನು 75 ಮೀಟರ್ ಮಾಡಿತು, ಕಾಲುವೆಗಳ ಅಂತರವನ್ನೂ ಜಾಸ್ತಿ ಮಾಡಿತು. 2019ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶ ರದ್ದು ಮಾಡಿತು. ಆ ಮೂರು ವರ್ಷ ಸೈಟು ಅಲ್ಲೇ ಇತ್ತು, ಮಾಲೀಕರು ಅವರೇ ಇದ್ದರು. ಹಕ್ಕು ಮಾತ್ರ ಹೋಗಿ ಬಂತು. ಅದಕ್ಕೇ ಫೈಲು ಒಂದು ಟೇಬಲಿನ ಮೇಲೆ ತಿಂಗಳುಗಟ್ಟಲೆ ಕೂರುವುದನ್ನು ಸಣ್ಣ ವಿಷಯ ಅಂತ ಬಿಡಬೇಡಿ. ಅರ್ಜಿ ಕೊಟ್ಟ ದಿನದ ಸ್ವೀಕೃತಿ ಜೋಪಾನವಾಗಿ ಇಟ್ಟುಕೊಳ್ಳಿ.

ಈಗ ಹಕ್ಕು ಅಂದರೆ ಎಷ್ಟು ಅನ್ನುವುದಕ್ಕೆ ಬರೋಣ. ಥರ್ಟಿ ಫಾರ್ಟಿ ಸೈಟನ್ನೇ ತೆಗೆದುಕೊಳ್ಳಿ, ಬೆಂಗಳೂರಿನವರಿಗೆ ಇದೇ ಅಳತೆಗೋಲು. 1200 ಚದರಡಿ. 2015ರ ಮಾಸ್ಟರ್ ಪ್ಲಾನ್ ಅಂತ ನಾವು ಕರೆಯುವುದು 2007ರ ಜೂನಿನಲ್ಲಿ ಜಾರಿಗೆ ಬಂದದ್ದು. ಅದರ ವಲಯ ನಿಯಮಾವಳಿಯಲ್ಲಿ, ಮುಖ್ಯ ವಸತಿ ವಲಯದ 360 ಚದರ ಮೀಟರ್ ಒಳಗಿನ ಸೈಟಿಗೆ ಎಫ್‌ಎಆರ್ 1.75, ಅಂದರೆ ಸೈಟಿನ ಅಳತೆಯ 1.75 ಪಟ್ಟು. ಎಲ್ಲ ಮಹಡಿ ಸೇರಿ ಒಟ್ಟು 2100 ಚದರಡಿ ಕಟ್ಟಬಹುದು ಅಂತ ಅರ್ಥ. ನೆಲಮಟ್ಟದಲ್ಲಿ ಸೈಟಿನ ಶೇಕಡ 75ರವರೆಗೆ ಮುಚ್ಚಬಹುದು, ಆದರೆ ಸುತ್ತ ಸೆಟ್‌ಬ್ಯಾಕ್, ಅಂದರೆ ಖಾಲಿ ಜಾಗ, ಬಿಟ್ಟ ಮೇಲೆ ಉಳಿದಷ್ಟರಲ್ಲಿ. ಕಾರು ನಿಲ್ಲಿಸುವ ಜಾಗ ಎಫ್‌ಎಆರ್ ಲೆಕ್ಕಕ್ಕೆ ಬರುವುದಿಲ್ಲ. ಹಾಗಾಗಿ ಕೆಳಗೆ ಬರೀ ಕಂಬಗಳ ಸ್ಟಿಲ್ಟ್ ಬಿಟ್ಟು ಮೇಲೆ ಎರಡು ಮೂರು ಮಹಡಿ ಹಾಕುವುದು. ಈ ಅಂಕಿಗಳನ್ನು ಕಲ್ಲಿನಲ್ಲಿ ಕೆತ್ತಿಲ್ಲ, ಸರ್ಕಾರ ಆಗಾಗ ತಿದ್ದುತ್ತದೆ. ಆದರೆ ಲೆಕ್ಕದ ದಾರಿ ಇದೇ. ಮನೆ ಕಟ್ಟುವ ಮೊದಲು ನೀವೇ ಒಂದು ಹಾಳೆಯಲ್ಲಿ ಈ ಗುಣಾಕಾರ ಮಾಡಿ ನೋಡಿ. ಮೇಸ್ತ್ರಿ "ಇನ್ನೊಂದು ಮಹಡಿ ಹಾಕಿಬಿಡೋಣ ಸಾರ್" ಅಂದಾಗ ಉತ್ತರ ನಿಮ್ಮ ಕೈಯಲ್ಲೇ ಇರುತ್ತದೆ.

ಇನ್ನು ಗೆರೆಯ ವಿಷಯ. ನನ್ನ ಹತ್ತಿರ ಬರುವವರಲ್ಲಿ ಬಹಳ ಜನ ಇದಕ್ಕೇ ಬರುತ್ತಾರೆ.

ನಿವೃತ್ತ ಟೀಚರ್ ಒಬ್ಬರು ಬಂದಿದ್ದರು. ಪಿಂಚಣಿ ದುಡ್ಡಿನಲ್ಲಿ ಮನೆ ಕಟ್ಟಬೇಕು, ಕೆಳಗೆ ತಾವು ಇರಬೇಕು, ಮೇಲೆ ಬಾಡಿಗೆಗೆ ಕೊಡಬೇಕು. ಕಚೇರಿಗೆ ಹೋದರೆ "ನಿಮ್ಮ ಸೈಟಲ್ಲಿ ಸಿಡಿಪಿ ರೋಡ್ ಹಾದುಹೋಗುತ್ತೆ ಅಮ್ಮ, ಪ್ಲಾನ್ ಆಗಲ್ಲ" ಅಂದಿದ್ದಾರೆ. ಸಿಡಿಪಿ ರೋಡ್ ಅಂದರೆ ಮಾಸ್ಟರ್ ಪ್ಲಾನಿನಲ್ಲಿ ಗುರುತಿಸಿದ ರಸ್ತೆ. ಅಷ್ಟೇ. ಕೈಗೆ ಕೊಟ್ಟಿದ್ದು ನಕ್ಷೆಯ ಒಂದು ಜೆರಾಕ್ಸ್, ಅದೂ ಜೆರಾಕ್ಸಿನ ಜೆರಾಕ್ಸ್. ಮಡಿಕೆ ಬಿದ್ದ ಕಡೆ ಸರ್ವೆ ನಂಬರೇ ಅಳಿಸಿಹೋಗಿತ್ತು. ಅದರ ಮೇಲೆ ಯಾರೋ ಕೆಂಪು ಪೆನ್ನಿನಲ್ಲಿ ದಪ್ಪ ಗೆರೆ ಎಳೆದಿದ್ದರು.

ಇಲ್ಲಿ ಸ್ವಲ್ಪ ನಿಲ್ಲಿ. 1:10,000 ಅಳತೆಯ ನಕ್ಷೆಯಲ್ಲಿ ಒಂದು ಮಿಲಿಮೀಟರ್ ಅಂದರೆ ನೆಲದ ಮೇಲೆ 10 ಮೀಟರ್. ಸುಮಾರು 33 ಅಡಿ. ಪೆನ್ನಿನ ಗೆರೆಯ ದಪ್ಪವೇ ಅವರ ಸೈಟಿನ ಅಗಲಕ್ಕಿಂತ ಜಾಸ್ತಿ! ಗೆರೆ ಇಷ್ಟು ಆ ಕಡೆ ಸರಿದರೆ ಪಕ್ಕದವರ ಮನೆ ಹೋಗುತ್ತದೆ, ಇಷ್ಟು ಈ ಕಡೆ ಬಂದರೆ ಇವರದ್ದು. ಇಂಥ ಜೆರಾಕ್ಸ್ ನೋಡಿ ಯಾರೂ ತಮ್ಮ ಹಕ್ಕು ಬಿಟ್ಟುಕೊಡಬಾರದು. ಪ್ರಕಟವಾದ ಮೂಲ ನಕ್ಷೆಯ ದೃಢೀಕೃತ ಪ್ರತಿ ಕೇಳಿ. ಸರ್ವೆ ನಂಬರ್ ಮೇಲೆ ಆ ರಸ್ತೆಯನ್ನು ಕೂರಿಸಿ ಅಳತೆ ಮಾಡಿದ ಸ್ಕೆಚ್ ಕೇಳಿ. ಆಗಲ್ಲ ಅಂದರೆ ಯಾಕೆ ಆಗಲ್ಲ, ಯಾವ ನಿಯಮದ ಪ್ರಕಾರ ಆಗಲ್ಲ ಅಂತ ಹಿಂಬರಹ, ಅಂದರೆ ಬರವಣಿಗೆಯಲ್ಲಿ ಉತ್ತರ, ಕೊಡಿ ಅನ್ನಿ. ಕೋರ್ಟಿಗೆ ಹೋಗಬೇಕಾದರೆ ಕೈಯಲ್ಲಿ ಹಿಂಬರಹ ಇರಬೇಕು. ಬಾಯಿಮಾತಿನ ಮೇಲೆ ಮೇಲ್ಮನವಿ ಹಾಕಲು ಆಗುವುದಿಲ್ಲ.

ಗೆರೆ ನಿಜವಾಗಿಯೂ ಸೈಟಿನ ಮೇಲೇ ಇದೆ ಅಂದುಕೊಳ್ಳಿ. ಮುಂದಿನ 10 ಅಡಿ ರಸ್ತೆಗೆ ಹೋಗುತ್ತದೆ. 30 ಅಡಿ ಅಗಲ, 10 ಅಡಿ ಆಳ, 300 ಚದರಡಿ. ಉಳಿದದ್ದು 900. ಅದಕ್ಕಷ್ಟೇ ಎಫ್‌ಎಆರ್ ಹಾಕಿದರೆ 1575 ಚದರಡಿ. ಹೋದದ್ದು ಬರೀ ನೆಲ ಅಲ್ಲ ನೋಡಿ, 525 ಚದರಡಿ ಕಟ್ಟುವ ಹಕ್ಕೂ ಹೋಯಿತು. ನಮ್ಮ ಊರಿನಲ್ಲಿ ಅಷ್ಟರಲ್ಲಿ ಒಂದು ಒನ್ ಬಿಎಚ್‌ಕೆ ಬಾಡಿಗೆ ಮನೆ ಬರುತ್ತದೆ. ಆ ಟೀಚರ್‌ಗೆ ಅದು ತಿಂಗಳ ಔಷಧಿ ಖರ್ಚು, ಕರೆಂಟ್ ಬಿಲ್ಲು, ಎಲ್ಲ. ಈ ನಷ್ಟಕ್ಕೇ ಕರ್ನಾಟಕ ನಗರ ಮತ್ತು ಗ್ರಾಮಾಂತರ ಯೋಜನಾ ಕಾಯ್ದೆಯಲ್ಲಿ 14ಬಿ ಅನ್ನುವ ಕಲಂ ಇದೆ. ಟಿಡಿಆರ್ ಅಂತಾರಲ್ಲ, ಅದು. ರಸ್ತೆಗೆ ಜಾಗ ಬಿಟ್ಟುಕೊಟ್ಟರೆ ದುಡ್ಡಿನ ಬದಲು ಅಭಿವೃದ್ಧಿ ಹಕ್ಕಿನ ಪ್ರಮಾಣಪತ್ರ ಕೊಡುತ್ತಾರೆ. ಉಳಿದ ಜಾಗದಲ್ಲೇ ಅದನ್ನು ಬಳಸಬಹುದು ಅಥವಾ ಬೇರೆಯವರಿಗೆ ಮಾರಬಹುದು. ಒಳ್ಳೆಯ ಕಲಂ. ಆದರೆ ಚಿಕ್ಕ ಸೈಟಿನವರಿಗೆ ಸೆಟ್‌ಬ್ಯಾಕ್ ನಡುವೆ ಹೆಚ್ಚುವರಿ ಎಫ್‌ಎಆರ್ ತುರುಕಲು ಜಾಗವೇ ಇರುವುದಿಲ್ಲ, ಮಾರೋಣ ಅಂದರೆ ಕೊಳ್ಳುವ ಬಿಲ್ಡರ್ ಹೇಳಿದ್ದೇ ರೇಟು. ದೊಡ್ಡ ಜಾಗದವರಿಗೆ ಈ ಕಾಗದಕ್ಕೆ ಬೆಲೆ ಎಷ್ಟು ಅಂತ ಬೆಂಗಳೂರು ಅರಮನೆ ಮೈದಾನದ ವಿಷಯದಲ್ಲಿ ನೋಡಿದ್ದೀರಿ. ಬಳ್ಳಾರಿ ರಸ್ತೆ, ಜಯಮಹಲ್ ರಸ್ತೆ ಅಗಲ ಮಾಡಲು ಬೇಕಾದ 15 ಎಕರೆ ಚಿಲ್ಲರೆ ಜಾಗದ ಟಿಡಿಆರ್ ಮೊತ್ತ ಸಾವಿರಾರು ಕೋಟಿಗೆ ಹೋಗಿ, ಸರ್ಕಾರವೇ ಬೆಚ್ಚಿ ಹೊಸ ಕಾನೂನು ತರಬೇಕಾಯಿತು. ಒಂದೇ ಕಲಂ, ಅಲ್ಲಿ ಅರಮನೆಯ ಎಕರೆಗಳು, ಇಲ್ಲಿ ಟೀಚರಮ್ಮನ 300 ಚದರಡಿ. ನನಗೆ ಬೇಜಾರಾಗುವುದು ಇಲ್ಲೇ. ಚಿಕ್ಕ ಮಾಲೀಕರಿಗೆ ನಗದು ಪರಿಹಾರ ಕೇಳುವ ಹಕ್ಕು ಇದೆ ಅಂತ ಕೌಂಟರಿನಲ್ಲಿ ಯಾರೂ ಹೇಳುವುದಿಲ್ಲ. ಆಸ್ತಿ ಹಕ್ಕು ಮೂಲಭೂತ ಹಕ್ಕಿನ ಪಟ್ಟಿಯಿಂದ 1978ರಲ್ಲಿ ಹೊರಗೆ ಹೋಯಿತು ನಿಜ, ಆದರೆ ಸಂವಿಧಾನದ 300ಎ ವಿಧಿ ಇದೆ. ಕಾನೂನಿನ ಅಧಿಕಾರ ಇಲ್ಲದೆ ಯಾರ ಆಸ್ತಿಯನ್ನೂ ಕಿತ್ತುಕೊಳ್ಳುವಂತಿಲ್ಲ. ಕನಕಪುರ ರಸ್ತೆಯ ತಾತಗುಣಿ ಎಸ್ಟೇಟ್ ಪ್ರಕರಣದಲ್ಲಿ, 2011ರಲ್ಲಿ, ಪರಿಹಾರದ ಮಾತು ಆ ವಿಧಿಯ ಒಳಗೇ ಅಡಗಿದೆ ಅಂತ ಸುಪ್ರೀಂ ಕೋರ್ಟ್ ಹೇಳಿದೆ.

ಮತ್ತೆ ಗೆರೆಗೆ ಬರುತ್ತೇನೆ. ಗೆರೆಗೂ ಆಯಸ್ಸು ಇದೆ. ಅದೇ ಯೋಜನಾ ಕಾಯ್ದೆಯ 69ನೇ ಕಲಂ ನೋಡಿ. ಪ್ಲಾನಿನಲ್ಲಿ ನಿಮ್ಮ ಜಾಗವನ್ನು ರಸ್ತೆಗೆ, ಪಾರ್ಕಿಗೆ ಅಂತ ಗುರುತಿಸಿದರೆ ಯೋಜನಾ ಪ್ರಾಧಿಕಾರ ಅದನ್ನು ಸ್ವಾಧೀನ ಮಾಡಿಕೊಳ್ಳಬಹುದು. ಪ್ಲಾನ್ ಪ್ರಕಟವಾಗಿ ಐದು ವರ್ಷದ ಒಳಗೆ ಒಪ್ಪಂದದ ಮೇಲೆ ತೆಗೆದುಕೊಳ್ಳದಿದ್ದರೆ, ಸ್ವಾಧೀನದ ಪ್ರಕ್ರಿಯೆಯನ್ನೂ ಶುರು ಮಾಡದಿದ್ದರೆ, ಆ ಗುರುತು ತಾನಾಗಿಯೇ ಬಿದ್ದುಹೋಗುತ್ತದೆ. 2007ರ ಜೂನಿನ ಪ್ಲಾನಿಗೆ ಐದು ವರ್ಷ ಸೇರಿಸಿ. 2012. ಆಮೇಲೂ ಅದೇ ಗೆರೆ ತೋರಿಸಿ ಜನರನ್ನು ವಾಪಸ್ ಕಳಿಸಿದ್ದಾರೆ. ಹೈಕೋರ್ಟಿಗೆ ಹೋದ ಮಾಲೀಕರು ಈ ಕಲಂ ಹಿಡಿದು ಗೆದ್ದಿದ್ದಾರೆ. ಹೋಗದವರ ಸೈಟು ಹಾಗೇ ಖಾಲಿ ಬಿದ್ದಿದೆ, ಗಿಡ ಬೆಳೆದುಕೊಂಡು. ಗುರುತು ಬಿದ್ದುಹೋಯಿತು ಅಂತ ನಕ್ಷೆಯಿಂದ ಯಾರೂ ಬಂದು ಅಳಿಸುವುದಿಲ್ಲ, ನೀವೇ ಕೇಳಬೇಕು. ಮುಂದೆ ಹೊಸ ಪ್ಲಾನ್ ಬಂದು ಅದೇ ಜಾಗದಲ್ಲಿ ಮತ್ತೆ ಗೆರೆ ಎಳೆದರೆ ಮತ್ತೆ ತಕರಾರು ಶುರು, ಹಾಗಾಗಿ ಕರಡು ಪ್ರಕಟವಾದಾಗಲೇ ಆಕ್ಷೇಪಣೆ ಹಾಕಿ. ಮನೆಗೆ ಯಾರೋ ನೋಟಿಸ್ ತಂದು ಕೊಡುತ್ತಾರೆ ಅಂತ ಕಾಯಬೇಡಿ.

ಕರಡು ಅಂದಾಗ ನೆನಪಾಯಿತು. 2031ರ ಮಾಸ್ಟರ್ ಪ್ಲಾನಿನ ಕರಡು 2017ರಲ್ಲಿ ಹೊರಬಂದಿತ್ತು, 2020ರಲ್ಲಿ ಸರ್ಕಾರ ವಾಪಸ್ ಪಡೆಯಿತು. ಆದರೂ "2031ರ ಪ್ಲಾನಲ್ಲಿ ನಿಮ್ಮದು ಗ್ರೀನು" ಅನ್ನುವ ಮಾತು ಇನ್ನೂ ಕಿವಿಗೆ ಬೀಳುತ್ತದೆ. ಬ್ರೋಕರುಗಳು ರೇಟು ಇಳಿಸಲು ಇದನ್ನೇ ಹೇಳುತ್ತಾರೆ. ಜಾರಿಗೇ ಬಾರದ ಕರಡಿಗೆ ನಿಮ್ಮ ಹಕ್ಕು ತಡೆಯುವ ಶಕ್ತಿ ಇಲ್ಲ.

ನಗರ ಯೋಜನಾ ಸ್ಕೀಮು ಅಂದರೆ ಏನು ಅಂತ ಸಂಘದವರು ಚೀಟಿ ಕೊಟ್ಟಿದ್ದರು. ನಿಜವಾದ ಅರ್ಥದಲ್ಲಿ ಅದನ್ನು ನೋಡಬೇಕಾದರೆ ಅಹಮದಾಬಾದಿಗೆ ಹೋಗಬೇಕು. 1915ರ ಬಾಂಬೆ ಕಾಯ್ದೆಯಿಂದ ಶುರುವಾದ ಪದ್ಧತಿ. ಒಂದು ಪ್ರದೇಶದ ಎಲ್ಲ ಜಮೀನನ್ನೂ ಕಾಗದದ ಮೇಲೆ ಒಟ್ಟು ಮಾಡುತ್ತಾರೆ. ರಸ್ತೆಗೆ, ಪಾರ್ಕಿಗೆ, ಶಾಲೆಗೆ ಜಾಗ ತೆಗೆದು, ಉಳಿದದ್ದನ್ನು ಚೌಕವಾಗಿ ಕತ್ತರಿಸಿ ಅದೇ ಮಾಲೀಕರಿಗೆ ವಾಪಸ್ ಕೊಡುತ್ತಾರೆ. ಮದುವೆ ಮನೆಗೆ ಎಲ್ಲರೂ ಅಕ್ಕಿ ಬೇಳೆ ತಂದು ಸುರಿದು, ಊಟವಾದ ಮೇಲೆ ಉಳಿದದ್ದನ್ನು ತಂದಷ್ಟರ ಲೆಕ್ಕದಲ್ಲೇ ಹಂಚಿಕೊಂಡ ಹಾಗೆ. ನಿಮ್ಮದು ದಾರಿಯೇ ಇಲ್ಲದ, ಸೊಟ್ಟಗಿರುವ 10 ಗುಂಟೆ ಅಂದುಕೊಳ್ಳಿ. ವಾಪಸ್ ಬರುವುದು 6 ಗುಂಟೆ ಇರಬಹುದು, ಆದರೆ ಚೌಕ, ಮುಂದೆ ರಸ್ತೆ, ಕಟ್ಟಲು ತಕರಾರಿಲ್ಲ. ಜಮೀನಿನ ಬೆಲೆ ಏರಿದ್ದರಲ್ಲಿ ಒಂದು ಪಾಲು ನೀವು ಕೊಡಬೇಕು, ಕಳೆದುಕೊಂಡ ಜಾಗಕ್ಕೆ ಅವರು ಕೊಡಬೇಕು, ಎರಡನ್ನೂ ಹೊಂದಿಸುತ್ತಾರೆ. 1969ರಲ್ಲಿ ಅಹಮದಾಬಾದಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಪದ್ಧತಿಯನ್ನು ಎತ್ತಿಹಿಡಿಯಿತು.

ನಮ್ಮ 1961ರ ಕಾಯ್ದೆಯಲ್ಲೂ ಇದಕ್ಕೆ ಒಂದು ಅಧ್ಯಾಯವೇ ಇದೆ. ಆದರೆ ಬೆಂಗಳೂರು ಬೆಳೆದದ್ದು ಹೆಚ್ಚಾಗಿ ಇನ್ನೊಂದು ದಾರಿಯಲ್ಲಿ. ಮೊದಲು ಸಿಐಟಿಬಿ ಅನ್ನುವ ನಗರಾಭಿವೃದ್ಧಿ ಮಂಡಳಿ, 1976ರಿಂದ ಬಿಡಿಎ, ಅಂದರೆ ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ, ಜಮೀನು ಸ್ವಾಧೀನ ಮಾಡಿಕೊಂಡು ಬಡಾವಣೆ ಮಾಡುವ ದಾರಿ. ಇದರಲ್ಲಿ ಮಾಲೀಕನ ಜಮೀನು ಪೂರ್ತಿ ಹೋಗುತ್ತದೆ, ಜೊತೆಗೆ ಕಟ್ಟುವ ಹಕ್ಕೂ. ಆಮೇಲೆ 60:40 ಬಂತು. ಕೆಂಪೇಗೌಡ ಬಡಾವಣೆಯ ರೈತರಿಗೆ ದುಡ್ಡು ಬೇಡ ಅಂದರೆ ಶೇಕಡ 40ರಷ್ಟು ಅಭಿವೃದ್ಧಿಯಾದ ಜಾಗ ಕೊಡುತ್ತೇವೆ ಅಂದರು. ಎಕರೆಗೆ 40 ಗುಂಟೆ, ಅದರಲ್ಲಿ 40 ಪರ್ಸೆಂಟ್ ಅಂದರೆ 16 ಗುಂಟೆ ಅಂತ ತುಂಬ ಜನ ಎಣಿಸಿಕೊಂಡರು. ಲೆಕ್ಕ ಹಾಗಿಲ್ಲ. ಎಕರೆ ಅಂದರೆ 43,560 ಚದರಡಿ. ರಸ್ತೆ, ಪಾರ್ಕ್, ನಾಗರಿಕ ಸೌಲಭ್ಯಕ್ಕೆ ಬಿಡುವ ಸಿಎ ಸೈಟು ಕಳೆದು ಸೈಟುಗಳಾಗಿ ಉಳಿಯುವುದು 55 ಪರ್ಸೆಂಟ್, 23,958. ಅದರ 40 ಪರ್ಸೆಂಟ್ 9,583 ಚದರಡಿ. ಒಂಬತ್ತು ಗುಂಟೆಗೂ ಕಡಿಮೆ. ಇದು ಮೋಸ ಅಂತ ನಾನು ಹೇಳುತ್ತಿಲ್ಲ, ಅಭಿವೃದ್ಧಿಯಾದ ಜಾಗದ ಬೆಲೆಯೇ ಬೇರೆ. ಆದರೆ ಸಹಿ ಹಾಕುವ ಮೊದಲು ಈ ಲೆಕ್ಕವನ್ನು ಯಾರಾದರೂ ರೈತನ ಮುಂದೆ ಕೂತು ಮಾಡಿ ತೋರಿಸಬೇಕಿತ್ತು. ಬಿಡಿಎ ಕಾಯ್ದೆಯ 27ನೇ ಕಲಮಿನಲ್ಲೂ ಐದು ವರ್ಷದ ಗಡುವು ಇದೆ: ಅಂತಿಮ ಘೋಷಣೆಯಾಗಿ ಐದು ವರ್ಷದಲ್ಲಿ ಸ್ಕೀಮನ್ನು ಬಹುಪಾಲು ಮುಗಿಸದಿದ್ದರೆ ಅದು ಬಿದ್ದುಹೋಗುತ್ತದೆ.

ಇಷ್ಟು ಹೊತ್ತು ಮಾಲೀಕರ ಪರ ಮಾತಾಡಿದೆ. ಆದರೆ ನಿಮ್ಮ ಹಕ್ಕನ್ನು ಕಾಯುವ ಅದೇ ನಿಯಮ ಪಕ್ಕದ ಮನೆಯವರ ಹಕ್ಕನ್ನೂ ಕಾಯುತ್ತದೆ. ಉಡುಪಿಯಲ್ಲಿ ಹೀಗೇ ಆಯಿತು. ವಸತಿ ಪ್ರದೇಶದಲ್ಲಿ ಕಲ್ಯಾಣ ಮಂಟಪಕ್ಕೆ ಅಂತ ಲೈಸೆನ್ಸ್ ಪಡೆದ ಕಟ್ಟಡವನ್ನು ಸಿನಿಮಾ ಟಾಕೀಸು ಮಾಡಲು ಪುರಸಭೆ ಒಪ್ಪಿಗೆ ಕೊಟ್ಟಿತು. ಊರಿನ ಯೋಜನಾ ಸ್ಕೀಮಿನಲ್ಲಿ ಅಲ್ಲಿ ಟಾಕೀಸಿಗೆ ಅವಕಾಶ ಇರಲಿಲ್ಲ. ಅಲ್ಲಿನ ನಿವಾಸಿಯೊಬ್ಬರು ಸುಪ್ರೀಂ ಕೋರ್ಟಿನವರೆಗೂ ಹೋದರು. ಲಕ್ಷಗಟ್ಟಲೆ ಖರ್ಚಾಗಿದೆ ಅಂತ ಕಟ್ಟಿಸಿದವರು ಹೇಳಿದರು. 1974ರಲ್ಲಿ ಕೋರ್ಟ್ ಆ ಒಪ್ಪಿಗೆಯನ್ನು ತಳ್ಳಿಹಾಕಿತು. ಖರ್ಚು ಮಾಡಿದ್ದೀರಿ ಅನ್ನುವ ಕಾರಣಕ್ಕೆ ಅಕ್ರಮ ಸಕ್ರಮ ಆಗುವುದಿಲ್ಲ, ಸ್ಕೀಮು ಪಾಲನೆಯಾಗಲಿ ಅಂತ ಕೇಳುವ ಹಕ್ಕು ಆ ಪ್ರದೇಶದ ಪ್ರತಿ ನಿವಾಸಿಗೂ ಇದೆ ಅಂದಿತು. ನಮ್ಮ ಸದಾಶಿವನಗರದ ಕಡೆ, ರಾಜಮಹಲ್ ವಿಲಾಸ್ ಬಡಾವಣೆಯಲ್ಲಿ ಪಾರ್ಕಿಗೆ ಬಿಟ್ಟ ಜಾಗವನ್ನು ನರ್ಸಿಂಗ್ ಹೋಮಿಗೆ ಕೊಟ್ಟಾಗಲೂ ನಿವಾಸಿಗಳೇ ಹೋರಾಡಿ 1991ರಲ್ಲಿ ಗೆದ್ದರು.

ನೀವು ಒಂದೂವರೆ ಅಡಿ ಸೆಟ್‌ಬ್ಯಾಕ್ ನುಂಗಿದರೆ ಪಕ್ಕದ ಮನೆಯ ಅಡುಗೆಮನೆಗೆ ಬೆಳಕು ಬರುವುದಿಲ್ಲ. ಅವರ ಮನೆಯ ಅಜ್ಜಿ ಹಗಲು ಹೊತ್ತಲ್ಲಿ ಲೈಟ್ ಹಾಕಿಕೊಂಡು ಸೊಪ್ಪು ಬಿಡಿಸಬೇಕು. ಅದು ಅವರ ಹಕ್ಕಿನ ಮೇಲೆ ನೀವು ಕಟ್ಟಿದ ಗೋಡೆ.

ಪ್ರಶ್ನೆಗಳಿಗೆ ಬರೋಣ. "ಹೆಚ್ಚುವರಿ ಮಹಡಿ ಹಾಕಿಬಿಟ್ಟಿದ್ದೇವೆ, ಅಕ್ರಮ ಸಕ್ರಮ ಬಂದರೆ ಸರಿಹೋಗುತ್ತಲ್ವಾ" ಅಂತ ಒಬ್ಬರು ಕೇಳಿದರು. ಸಾರ್, ದಂಡ ಕಟ್ಟಿಸಿಕೊಂಡು ಅಕ್ರಮ ಕಟ್ಟಡಗಳನ್ನು ಸಕ್ರಮ ಮಾಡುವ ಆ ಯೋಜನೆಗೆ 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ಅದನ್ನು ನಂಬಿ ಮಹಡಿ ಹಾಕಬೇಡಿ. 2024ರ ಡಿಸೆಂಬರಿನಲ್ಲಿ ಅದೇ ಕೋರ್ಟಿನಿಂದ ಬಂದ ಇನ್ನೊಂದು ತೀರ್ಪಿನ ಮೇಲೆ, ಸ್ವಾಧೀನಾನುಭವ ಪತ್ರ, ಅದೇ ಓಸಿ, ಇಲ್ಲದ ಕಟ್ಟಡಕ್ಕೆ ಕರೆಂಟು, ನೀರಿನ ಸಂಪರ್ಕವೇ ಕಷ್ಟವಾಯಿತು. ಎಷ್ಟು ಜನ ಗೃಹಪ್ರವೇಶ ಮುಗಿಸಿ ಟೆಂಪರರಿ ಕರೆಂಟಿನಲ್ಲಿ ಕೂತಿದ್ದಾರೆ ಅಂತ ಇಲ್ಲೇ ಕೆಲವರಿಗೆ ಗೊತ್ತು. ಪ್ಲಾನ್ ಪ್ರಕಾರ ಕಟ್ಟಿದ್ದರೆ ಓಸಿ ಕೇಳಲು ನಿಮಗೆ ಧೈರ್ಯ ಇರುತ್ತದೆ.

ಮುಂದೆ ಕೂತ ಅಮ್ಮ ಕೇಳಿದ ಪ್ರಶ್ನೆ ಒಳ್ಳೆಯದಿತ್ತು. ಅಪ್ಪನ ಥರ್ಟಿ ಫಾರ್ಟಿ ಸೈಟನ್ನು ಅಣ್ಣ ತಮ್ಮ ಇಬ್ಬರೂ ಸಮ ಪಾಲು ಮಾಡಿಕೊಂಡರೆ ಇಬ್ಬರೂ ಬೇರೆ ಬೇರೆ ಮನೆ ಕಟ್ಟಬಹುದಾ ಅಂತ. ಪಾಲುಪತ್ರ ರಿಜಿಸ್ಟರ್ ಆಗುತ್ತದಮ್ಮ, ಅದರಿಂದ ಮಾಲೀಕತ್ವ ಹಂಚಿಹೋಗುತ್ತದೆ. ಆದರೆ ಸೈಟನ್ನು ತುಂಡು ಮಾಡಲು ಯೋಜನಾ ಪ್ರಾಧಿಕಾರದ ಅನುಮತಿ ಬೇಕು, ಖಾತಾ ಬೇರೆ ಬೇರೆ ಆಗಬೇಕು, ಆಮೇಲೆ 15 ಅಡಿ ಅಗಲದ ತುಂಡಿನಲ್ಲಿ ಸೆಟ್‌ಬ್ಯಾಕ್ ಬಿಟ್ಟು ಎಷ್ಟು ಉಳಿಯುತ್ತದೆ ನೋಡಿ. ಎರಡು ರೂಮು ಅಕ್ಕಪಕ್ಕ ಬರುವುದಿಲ್ಲ. ಪಾಲುಪತ್ರ ಬರೆಸುವ ಮೊದಲು ಎಂಜಿನಿಯರ್ ಹತ್ತಿರ ಎರಡೂ ತುಂಡಿನ ಸ್ಕೆಚ್ ಹಾಕಿಸಿ, ಇಬ್ಬರೂ ಮಕ್ಕಳನ್ನು ಕೂರಿಸಿ ತೋರಿಸಿ. ಸೈಟು ಒಂದೇ ಇರಲಿ, 2100 ಚದರಡಿಗೆ ಒಂದೇ ಪ್ಲಾನ್ ತೆಗೆದುಕೊಂಡು ಕೆಳಗಿನ ಮಹಡಿ ಒಬ್ಬರಿಗೆ, ಮೇಲಿನದು ಒಬ್ಬರಿಗೆ ಅಂತ ಪತ್ರದಲ್ಲಿ ಬರೆದುಕೊಂಡರೆ ಇಬ್ಬರಿಗೂ ವಾಸಕ್ಕೆ ಯೋಗ್ಯವಾದ ಮನೆ ಸಿಗುತ್ತದೆ. ಮೆಟ್ಟಿಲು, ಸಂಪು, ಟೆರೇಸು ಯಾರದು ಅನ್ನುವುದನ್ನೂ ಅದರಲ್ಲೇ ಬರೆಸಿಬಿಡಿ.